ಹೆದರಿಕೆ ಮಾರಿದ ಕ್ಯಾಮೆರಾ

1914ರಲ್ಲಿ ಬಹಾಮಾ ದ್ವೀಪಗಳ ತಿಳಿನೀರಿಗೆ ಸತ್ತ ಕುದುರೆಯೊಂದನ್ನು ಇಳಿಬಿಟ್ಟರು. ಅದರ ವಾಸನೆ ಹಿಡಿದು ಶಾರ್ಕ್‌ಗಳು ಬರಬೇಕಿತ್ತು. ಬಂದವು. ನೀರಿನೊಳಗೆ ತೂಗುತ್ತಿದ್ದ ಲೋಹದ ಗೋಳವೊಂದರಲ್ಲಿ, ದಪ್ಪ ಗಾಜಿನ ಹಿಂದೆ ಕುಳಿತವರು ಕ್ಯಾಮೆರಾ ಓಡಿಸಿದರು. ಜಾನ್ ಅರ್ನೆಸ್ಟ್ ವಿಲಿಯಮ್ಸನ್ ಎಂಬ ಅಮೆರಿಕದ ಪತ್ರಿಕಾ ನೌಕರರ ಸಾಹಸ ಇದು. ಹಡಗಿನ ಕಪ್ತಾನರಾಗಿದ್ದ ಅವರ ತಂದೆ, ಮುಳುಗಿದ ಹಡಗುಗಳ ಕೆಲಸಕ್ಕೆ ಅನುಕೂಲವಾಗಲೆಂದು ಬಾಗುವ, ಉದ್ದಗಿಡ್ಡವಾಗುವ ಕೊಳವೆಯೊಂದನ್ನು ರೂಪಿಸಿದ್ದರು. ಮಗ ಅದರ ತುದಿಗೆ ಕಿಟಕಿಯಿದ್ದ ಗೋಳ ಜೋಡಿಸಿ ಸಿನಿಮಾ ತೆಗೆಯಲು ಹೊರಟರು. ಕಡಲಿನೊಳಗಿನ ಮೊದಲ ಚಲನಚಿತ್ರ ಎಂದು ಇತಿಹಾಸ ಹೇಳುವುದು ಇದನ್ನೇ.

ಹವಳ, ಮೀನಿನ ಹಿಂಡು, ನೀರಿನೊಳಗೆ ಇಳಿಯುವ ಬಿಸಿಲಕೋಲು, ಇವೆಲ್ಲ ಆ ಹೊತ್ತಿಗೆ ಯಾರೂ ತೆರೆಯ ಮೇಲೆ ಕಾಣದಿದ್ದ ಸಂಗತಿಗಳು. ಆದರೆ ದುಡ್ಡು ಹಾಕಿದವರಿಗೆ ಅಷ್ಟು ಸಾಲಲಿಲ್ಲ. ಮನುಷ್ಯನೊಬ್ಬ ಶಾರ್ಕ್ ಜೊತೆ ಕಾದಾಡಿ ಅದನ್ನು ಕೊಲ್ಲುವುದು ಬೇಕಿತ್ತು. ಕೊನೆಗೆ ವಿಲಿಯಮ್ಸನ್ ತಾವೇ ಚಾಕು ಹಿಡಿದು ನೀರಿಗೆ ಧುಮುಕಿ, ಕ್ಯಾಮೆರಾದ ಮುಂದೆ ಶಾರ್ಕ್ ಒಂದರ ಹೊಟ್ಟೆ ಸೀಳಿದರು. ಚಿತ್ರ ಓಡಿತು. ಕಡಲ ಜೀವಿಗಳ ಚಿತ್ರೀಕರಣ ಎಂಬ ವೃತ್ತಿ ಶುರುವಾದದ್ದು ಹೀಗೆ: ಎರೆ ಹಾಕಿ ಕರೆದದ್ದನ್ನು ಕೊಂದು, ಕೊಂದದ್ದನ್ನು ಟಿಕೆಟ್ಟಿಗೆ ತೋರಿಸಿ.

ನಲವತ್ತು ವರ್ಷ ಕಳೆದ ಮೇಲೂ ದೊಡ್ಡ ಬದಲಾವಣೆ ಇರಲಿಲ್ಲ. ವಿಯೆನ್ನಾದ ಹಾನ್ಸ್ ಹಾಸ್ ಶಾರ್ಕ್‌ಗಳ ನಡುವೆ ಈಜುತ್ತ ಚಿತ್ರ ತೆಗೆದು, ಅವು ಸಿಕ್ಕವರನ್ನೆಲ್ಲ ಕಚ್ಚುವ ಪ್ರಾಣಿಗಳಲ್ಲ ಎಂದು ಹೇಳುತ್ತಲೇ ಇದ್ದರು. ಜಗತ್ತು ನೋಡಿದ್ದು ಮಾತ್ರ ಬೇರೆ ಚಿತ್ರವನ್ನು. 1956ರಲ್ಲಿ ಜಾಕ್ ಕುಸ್ತೋ ಮತ್ತು ಲೂಯಿ ಮಾಲ್ ಜೊತೆಯಾಗಿ ತೆಗೆದ 'ಸೈಲೆಂಟ್ ವರ್ಲ್ಡ್' ಕಾನ್ ಚಿತ್ರೋತ್ಸವದ ಅತ್ಯುನ್ನತ ಪ್ರಶಸ್ತಿ ಪಡೆಯಿತು, ಆಸ್ಕರ್ ಕೂಡ ಗೆದ್ದಿತು. ಅದರಲ್ಲೊಂದು ದೃಶ್ಯವಿದೆ. ಕುಸ್ತೋ ಅವರ 'ಕಲಿಪ್ಸೊ' ಹಡಗಿನ ಪ್ರೊಪೆಲ್ಲರ್‌ಗೆ ತಿಮಿಂಗಿಲದ ಮರಿಯೊಂದು ಸಿಕ್ಕಿ ಗಾಯಗೊಳ್ಳುತ್ತದೆ. ನೆತ್ತರಿಗೆ ಶಾರ್ಕ್‌ಗಳು ಮುತ್ತುತ್ತವೆ. ನಾವಿಕರು ಸಿಟ್ಟಿಗೆದ್ದು ಅವನ್ನು ಕೊಕ್ಕೆಗಳಿಂದ ಮೇಲೆಳೆದು, ಕೊಡಲಿಯಿಂದ ಕಡಿದು ಹಾಕುತ್ತಾರೆ. ಮರಿಯನ್ನು ಗಾಯಗೊಳಿಸಿದ್ದು ಹಡಗು, ಶಿಕ್ಷೆಯಾದದ್ದು ಶಾರ್ಕ್‌ಗೆ. ಮುಂದೆ ಇಡೀ ಜಗತ್ತಿಗೆ ಕಡಲ ಕಾಳಜಿಯ ಮುಖವಾದ ಮನುಷ್ಯನ ಚಿತ್ರವಿದು, ಮತ್ತು ಆ ಕಾಲದ ಪ್ರೇಕ್ಷಕರಿಗೆ ಅದರಲ್ಲಿ ಅಸಹಜವೇನೂ ಕಾಣಲಿಲ್ಲ.

ಆ ಹೊತ್ತಿಗೆ ಆಸ್ಟ್ರೇಲಿಯಾದ ಸಿಡ್ನಿಯಲ್ಲಿ ರಾನ್ ಟೇಲರ್ ಎಂಬ ತರುಣ ಬಿಡುವು ಸಿಕ್ಕಾಗಲೆಲ್ಲ ಸ್ಪಿಯರ್‌ಗನ್ ಹಿಡಿದು ಕಡಲಿಗೆ ಇಳಿಯುತ್ತಿದ್ದರು. 1934ರಲ್ಲಿ ಹುಟ್ಟಿದ ಅವರು ಮುದ್ರಣಕ್ಕೆ ಬ್ಲಾಕು ಮಾಡುವ ಕೆಲಸ ಕಲಿತವರು. ಅವರಿಗಿಂತ ಒಂದು ವರ್ಷ ಚಿಕ್ಕವರಾದ ವ್ಯಾಲರಿ ಕಾಮಿಕ್ ಪುಸ್ತಕಗಳಿಗೆ ಚಿತ್ರ ಬರೆಯುತ್ತಿದ್ದರು, ಆಗೀಗ ರಂಗದ ಮೇಲೂ ಕಾಣಿಸಿಕೊಳ್ಳುತ್ತಿದ್ದರು. ಚಿಕ್ಕಂದಿನಲ್ಲಿ ಪೋಲಿಯೊ ತಗುಲಿ, ನಡಿಗೆಯನ್ನು ಮತ್ತೆ ಮೊದಲಿಂದ ಕಲಿತವರು. ನೀರಿನಲ್ಲಿ ಆ ಕಷ್ಟವಿರಲಿಲ್ಲ. ಇಬ್ಬರೂ ಮೀನು ಬೇಟೆಯ ಕ್ಲಬ್ಬೊಂದರಲ್ಲಿ ಭೇಟಿಯಾಗಿ, 1963ರ ಡಿಸೆಂಬರಿನಲ್ಲಿ ಮದುವೆಯಾದರು. ಇಬ್ಬರೂ ಚಾಂಪಿಯನ್ನರೇ. ರಾನ್ 1965ರಲ್ಲಿ ತಾಹಿತಿಯಲ್ಲಿ ನಡೆದ ಸ್ಪರ್ಧೆಯಲ್ಲಿ ಜಗತ್ತಿನ ಅಗ್ರಸ್ಥಾನ ಗೆದ್ದರು. ಉಸಿರು ಬಿಗಿಹಿಡಿದು ಇಳಿಯಬೇಕು, ದೊಡ್ಡ ಮೀನಿಗೆ ಗುರಿ ಇಡಬೇಕು, ದಡದಲ್ಲಿ ತೂಕ ಹಾಕಿಸಬೇಕು. ಸ್ಪರ್ಧೆ ಎಂದರೆ ಅಷ್ಟೆ. ಹೊತ್ತು ಮುಳುಗುವಾಗ ಕಡಲತಡಿಯಲ್ಲಿ ಸತ್ತ ಮೀನುಗಳ ರಾಶಿ ಬಿದ್ದಿರುತ್ತಿತ್ತು. ಆ ದಶಕ ಮುಗಿಯುವ ಮುನ್ನ ಇಬ್ಬರೂ ಅದನ್ನು ಬಿಟ್ಟರು. ಮನಸ್ಸು ಬದಲಾದದ್ದೊಂದು ಕಾರಣ. ಅಷ್ಟರಲ್ಲಿ ಕ್ಯಾಮೆರಾದಿಂದಲೇ ಹೊಟ್ಟೆ ತುಂಬುವ ದಾರಿ ಸಿಕ್ಕಿತ್ತು ಎಂಬುದೂ ನಿಜ.

ಆ ದಾರಿಗೂ ಶಾರ್ಕ್ ಬೇಕಿತ್ತು. ರಾನ್ ಪರ್ಸ್‌ಪೆಕ್ಸ್ ಹಾಳೆಗಳಿಂದ ಕೈಯಾರೆ ನೀರು ಒಳಬಾರದ ಪೆಟ್ಟಿಗೆ ಮಾಡಿ, ಅದರೊಳಗೆ 16 ಎಂ.ಎಂ. ಕ್ಯಾಮೆರಾ ಕೂರಿಸಿಕೊಳ್ಳುತ್ತಿದ್ದರು. ನೂರು ಅಡಿ ಫಿಲ್ಮಿನ ರೀಲು ಮೂರು ನಿಮಿಷವೂ ಬಾಳುತ್ತಿರಲಿಲ್ಲ. ನೀರಿನೊಳಗೆ ರೀಲು ಬದಲಿಸುವಂತಿಲ್ಲ. ಮೇಲೆ ಬಂದು, ಪೆಟ್ಟಿಗೆ ಒರೆಸಿ, ತೆರೆದು, ತುಂಬಿ, ಮುಚ್ಚಿ ಮತ್ತೆ ಇಳಿಯಬೇಕು. ಅಷ್ಟು ಹೊತ್ತು ಮೀನು ಕಾಯುತ್ತದೆಯೇ? ಕೆಲವು ಮೀಟರು ಕೆಳಗಿಳಿಯುವಷ್ಟರಲ್ಲಿ ಕೆಂಪು ಬಣ್ಣ ಮಾಯವಾಗಿ ಎಲ್ಲವೂ ನೀಲಿಯಾಗುತ್ತದೆ, ದೀಪ ಹಿಡಿದರೆ ಮಾತ್ರ ಬಣ್ಣ ಮರಳುತ್ತದೆ. ವಸ್ತುಗಳು ಇರುವುದಕ್ಕಿಂತ ಹತ್ತಿರವಾಗಿಯೂ, ಮೂರರಲ್ಲೊಂದು ಪಾಲಿನಷ್ಟು ದೊಡ್ಡದಾಗಿಯೂ ಕಾಣುತ್ತವೆ. ಹಾಗಾಗಿ ಫೋಕಸ್ ಕೂಡ ಕಣ್ಣಳತೆಯ ಲೆಕ್ಕ. ಆ ಮೂರು ನಿಮಿಷಗಳಲ್ಲಿ ಏನನ್ನು ಹಿಡಿಯಬೇಕೆಂಬುದನ್ನು ಕೊಳ್ಳುವವರು ಮೊದಲೇ ತೀರ್ಮಾನಿಸಿದ್ದರು. 1962ರಲ್ಲಿ ಮೂವಿಟೋನ್ ವಾರ್ತಾಚಿತ್ರದವರು ಕೊಂಡ ರಾನ್ ಚಿತ್ರದ ಹೆಸರು 'ಶಾರ್ಕ್‌ಗಳೊಡನೆ ಆಟ'. ಮರುವರ್ಷ ಬೆನ್ ಕ್ರಾಪ್ ಎಂಬ ಜೊತೆಗಾರರೊಂದಿಗೆ ಮಾಡಿದ್ದು 'ಶಾರ್ಕ್ ಬೇಟೆಗಾರರು'. ಹೆಸರುಗಳೇ ಸಾಕು, ಆಗಿನ ಸಂತೆಯಲ್ಲಿ ಏನು ಬಿಕರಿಯಾಗುತ್ತಿತ್ತು ಎನ್ನುವುದಕ್ಕೆ.

ಕೊಳ್ಳುವವರಿಗೆ ಬೇಗನೆ ಗೊತ್ತಾದ ಇನ್ನೊಂದು ಸಂಗತಿಯೆಂದರೆ, ಶಾರ್ಕ್ ಪಕ್ಕದಲ್ಲಿ ಹೊಂಗೂದಲ ಹೆಂಗಸೊಬ್ಬಳಿದ್ದರೆ ಚಿತ್ರಕ್ಕೆ ಬೆಲೆ ಹೆಚ್ಚು. ರಾನ್ ಕ್ಯಾಮೆರಾದ ಹಿಂದೆ, ವ್ಯಾಲರಿ ಮುಂದೆ. ಕೂದಲಿಗೆ ಕಟ್ಟಿದ ಕೆಂಪು ರಿಬ್ಬನ್ ಅವರ ಗುರುತಾಯಿತು. ದೀಪದ ಬೆಳಕು ಬಿದ್ದಾಗ ಆ ನೀಲಿಯಲ್ಲಿ ಉರಿಯುವ ಒಂದೇ ಬಣ್ಣ ಅದು. ಅವರನ್ನು ಬರೀ ಅಲಂಕಾರಕ್ಕೆ ನಿಲ್ಲಿಸಿದ್ದರೆಂದು ತಿಳಿದರೆ ತಪ್ಪಾದೀತು. ಮುಂದೆ ವ್ಯಾಲರಿ ಅವರ ಸ್ಥಿರಚಿತ್ರಗಳು ನ್ಯಾಷನಲ್ ಜಿಯಾಗ್ರಫಿಕ್‌ನಲ್ಲಿ ಅಚ್ಚಾದವು, ಮತ್ತು ಈ ಕತೆಯ ಎರಡನೆಯ ಅರ್ಧ ನಡೆದದ್ದು ಹೆಚ್ಚಾಗಿ ಅವರ ಬಾಯಿಬಲದಿಂದ.

ಇವರ ಮದುವೆಯಾದ ತಿಂಗಳಲ್ಲೇ, 1963ರ ಡಿಸೆಂಬರ್ 8ರಂದು, ದಕ್ಷಿಣ ಆಸ್ಟ್ರೇಲಿಯಾದ ಅಲ್ಡಿಂಗಾದಲ್ಲಿ ಮೀನು ಬೇಟೆಯ ಸ್ಪರ್ಧೆಯಲ್ಲಿದ್ದ ರಾಡ್ನಿ ಫಾಕ್ಸ್ ಎಂಬ ಯುವಕನನ್ನು ಬಿಳಿ ಶಾರ್ಕ್ ಕಚ್ಚಿ ಹಿಡಿಯಿತು. ನಾನೂರಕ್ಕೂ ಹೆಚ್ಚು ಹೊಲಿಗೆ ಹಾಕಿಸಿಕೊಂಡು ಬದುಕುಳಿದ ಫಾಕ್ಸ್, ಕಚ್ಚಿದ ಪ್ರಾಣಿಯನ್ನು ನೀರಿನೊಳಗೇ ನೋಡಬೇಕೆಂದು ಹಟ ಹಿಡಿದರು. ಕಬ್ಬಿಣದ ಬೋನು ಕಟ್ಟಿಸಿ ಕಡಲಿಗಿಳಿಸುವ ಯೋಚನೆ ಅವರದು. 1965ರಲ್ಲಿ ಫಾಕ್ಸ್ ಮತ್ತು ಶಾರ್ಕ್ ಬಾಯಿಂದ ಪಾರಾಗಿದ್ದ ಇನ್ನಿಬ್ಬರು ಹೊರಟ ಯಾತ್ರೆಯಲ್ಲಿ ರಾನ್ ಟೇಲರ್ ಬಿಳಿ ಶಾರ್ಕನ್ನು ನೀರಿನೊಳಗೆ ಚಿತ್ರೀಕರಿಸಿದರು. ಇಂದು ಜಗತ್ತಿನ ಹಲವೆಡೆ ಪ್ರವಾಸಿಗರು ದುಡ್ಡು ಕೊಟ್ಟು ಇಳಿಯುವ ಶಾರ್ಕ್ ಬೋನಿನ ಮೂಲಪುರುಷ ಈ ಗಾಯಾಳುವೇ.

ನನ್ನ ಮಟ್ಟಿಗೆ ಟೇಲರ್ ದಂಪತಿಯ ಬದುಕಿನ ನಿಜವಾದ ಮಹತ್ವದ ದಿನಗಳು ಬಂದದ್ದು 1969ರಲ್ಲಿ, ದಕ್ಷಿಣ ಆಫ್ರಿಕಾದ ಡರ್ಬನ್ ಕರಾವಳಿಯ ಆಚೆ. ಅಮೆರಿಕದ ದೊಡ್ಡ ಅಂಗಡಿ ಮನೆತನವೊಂದರ ಕುಡಿ ಪೀಟರ್ ಗಿಂಬೆಲ್‌ಗೆ ಬಿಳಿ ಶಾರ್ಕ್ ಮೇಲೆ ಪೂರ್ಣಪ್ರಮಾಣದ ಚಿತ್ರ ಮಾಡುವ ಹುಚ್ಚು. ತಿಮಿಂಗಿಲ ಬೇಟೆಯ ಹಡಗೊಂದನ್ನು ಬಾಡಿಗೆಗೆ ಹಿಡಿದು, ಕ್ಯಾಮೆರಾಮನ್ ಸ್ಟಾನ್ ವಾಟರ್‌ಮನ್ ಮತ್ತು ಟೇಲರ್ ದಂಪತಿಯನ್ನು ಕರೆದುಕೊಂಡು ಹೊರಟರು. ಲೇಖಕ ಪೀಟರ್ ಮ್ಯಾಥಿಸನ್ ಕೂಡ ಜೊತೆಗಿದ್ದು, ಆಮೇಲೆ ಆ ಯಾತ್ರೆಯ ಬಗ್ಗೆ ಪುಸ್ತಕ ಬರೆದರು. ಡರ್ಬನ್‌ನಲ್ಲಿ ಆಗಿನ್ನೂ ತಿಮಿಂಗಿಲ ಬೇಟೆ ಜೋರಾಗಿ ನಡೆಯುತ್ತಿತ್ತು. ಕೊಂದ ತಿಮಿಂಗಿಲದ ಹೆಣದ ಸುತ್ತ ನೂರಾರು ಶಾರ್ಕ್‌ಗಳು ಸೇರುತ್ತಿದ್ದವು. ಅವುಗಳಲ್ಲಿ ಹೆಚ್ಚಿನವು ರೆಕ್ಕೆಯ ತುದಿ ಬೆಳ್ಳಗಿರುವ, ನಡುಗಡಲಿನ ವೈಟ್‌ಟಿಪ್‌ಗಳು.

ಮೊದಲು ಬೋನಿನೊಳಗಿಂದಲೇ ಕ್ಯಾಮೆರಾ ಹಿಡಿದರು. ಸರಳುಗಳ ಸಂದಿಯಿಂದ ಎಷ್ಟು ತೆಗೆದರೂ ಅದೇ ಚಿತ್ರ. ಆಮೇಲೆ ಒಬ್ಬೊಬ್ಬರಾಗಿ ಬಾಗಿಲು ತೆರೆದು ಹೊರಬಂದರು. ಹೆಣದ ಮಾಂಸ ಕೀಳುತ್ತಿದ್ದ ಆ ಹಿಂಡಿನ ನಡುವೆ ನಾಲ್ಕು ಜನ, ಒಬ್ಬರ ಬೆನ್ನು ಇನ್ನೊಬ್ಬರು ಕಾಯುತ್ತ. ಶಾರ್ಕ್ ಮೊದಲು ಮೂತಿಯಿಂದ ತಳ್ಳಿ ನೋಡುತ್ತದೆ. ತಿರುಗಿ ತಳ್ಳಿದರೆ ಸರಿಯುತ್ತದೆ, ಸುಮ್ಮನಿದ್ದರೆ ಮತ್ತೆ ಬರುತ್ತದೆ. ಇವರು ತಿರುಗಿ ತಳ್ಳಿದರು. ಯಾರಿಗೂ ಏನೂ ಆಗಲಿಲ್ಲ. ತಿಂಡಿಗೆ ಮುಗಿಬಿದ್ದ ಶಾರ್ಕ್ ಹಿಂಡಿನೊಳಗೆ ಮನುಷ್ಯ ಬದುಕಲಾರ ಎಂಬುದು ಅಲ್ಲಿಯವರೆಗಿನ ನಂಬಿಕೆ. ಯಾವ ಪ್ರಯೋಗಶಾಲೆಯಲ್ಲೂ ಮಾಡಲಾಗದ ಪರೀಕ್ಷೆಯೊಂದು ಕ್ಯಾಮೆರಾದ ಮುಂದೆ ನಡೆದುಹೋಗಿತ್ತು.

ಆದರೆ ಗಿಂಬೆಲ್ ಹೊರಟಿದ್ದು ಬಿಳಿ ಶಾರ್ಕ್‌ಗಾಗಿ. ಅದು ಸಿಗಲಿಲ್ಲ. ಹಿಂದೂ ಮಹಾಸಾಗರದ ದ್ವೀಪಗಳನ್ನೂ ಸಿಲೋನಿನ ಕರಾವಳಿಯನ್ನೂ ತಿಂಗಳುಗಟ್ಟಲೆ ಸುತ್ತಿ, ಕೊನೆಗೆ ಸಿಕ್ಕಿದ್ದು ಟೇಲರ್ ದಂಪತಿಯ ಸ್ವಂತ ದೇಶದಲ್ಲಿ. ದಕ್ಷಿಣ ಆಸ್ಟ್ರೇಲಿಯಾದ 'ಡೇಂಜರಸ್ ರೀಫ್' ಎಂಬಲ್ಲಿ, ರಾಡ್ನಿ ಫಾಕ್ಸ್ ದಾರಿ ತೋರಿಸಿ, 1970ರ ಆರಂಭದಲ್ಲಿ. 'ಬ್ಲೂ ವಾಟರ್, ವೈಟ್ ಡೆತ್' 1971ರಲ್ಲಿ ತೆರೆ ಕಂಡಿತು. ನೂರಾರು ಶಾರ್ಕ್‌ಗಳ ನಡುವೆ ಯಾರೂ ಗಾಯಗೊಳ್ಳದೆ ಬಂದ ಚಿತ್ರದ ಹೆಸರಿನಲ್ಲಿ ಸಾವು ಕುಳಿತಿತ್ತು. ಪ್ರೇಕ್ಷಕರು ಮನೆಗೆ ಒಯ್ದದ್ದು ಡರ್ಬನ್ನಿನ ದೃಶ್ಯವನ್ನಲ್ಲ, ಬೋನಿನ ಸರಳು ಕಚ್ಚುವ ಬಿಳಿ ಶಾರ್ಕ್‌ನ ದವಡೆಯನ್ನು. ಹೊತ್ತುಹೊತ್ತಿಗೆ ಮಾಂಸ, ನೆತ್ತರು ಸುರಿದು ಕರೆದ ಪ್ರಾಣಿ ಅದು. ದೋಣಿಯಿಂದ ಸುರಿದ ಬಕೆಟ್ಟುಗಳ ಮೇಲೆ ಯಾರ ಗಮನ ಹೋದೀತು?

ಪೀಟರ್ ಬೆಂಚ್ಲಿ ಅವರ 'ಜಾಸ್' ಕಾದಂಬರಿ ಬಂದದ್ದು 1974ರಲ್ಲಿ. ಅದನ್ನು ಚಿತ್ರ ಮಾಡಲು ಹೊರಟ ಯೂನಿವರ್ಸಲ್ ಸ್ಟುಡಿಯೋದವರು ನಿಜವಾದ ಶಾರ್ಕ್ ದೃಶ್ಯಗಳಿಗೆ ನೇರವಾಗಿ ಟೇಲರ್ ದಂಪತಿಯ ಬಳಿ ಬಂದರು. ಕತೆಯ ಶಾರ್ಕ್ 25 ಅಡಿ ಉದ್ದ. ದಕ್ಷಿಣ ಆಸ್ಟ್ರೇಲಿಯಾದ ಪೋರ್ಟ್ ಲಿಂಕನ್ ಕಡಲಲ್ಲಿ ಸಿಗುತ್ತಿದ್ದವು ಅದರ ಅರ್ಧಕ್ಕಿಂತ ತುಸು ಹೆಚ್ಚು. ಶಾರ್ಕನ್ನು ದೊಡ್ಡದು ಮಾಡಲಾಗದಿದ್ದರೆ ಮನುಷ್ಯನನ್ನು ಚಿಕ್ಕದು ಮಾಡೋಣ ಎಂದಿತು ಸಿನಿಮಾದ ಬುದ್ಧಿ. ಐದಡಿಗೂ ಕಡಿಮೆ ಎತ್ತರದ ಕಾರ್ಲ್ ರಿಝೊ ಎಂಬ ಸಾಹಸ ಕಲಾವಿದರನ್ನೂ, ಅವರ ಅಳತೆಯ ಪುಟ್ಟ ಬೋನನ್ನೂ ಕಳುಹಿಸಿದರು.

ಒಂದು ದಿನ ಬೋನು ದೋಣಿಯ ಪಕ್ಕದಲ್ಲಿ ಖಾಲಿ ತೂಗುತ್ತಿತ್ತು. ರಿಝೊ ಇನ್ನೂ ಮೇಲೆಯೇ ಇದ್ದರು. ಬಂದ ಶಾರ್ಕ್ ಒಂದು ಬೋನಿನ ಹಗ್ಗಗಳಲ್ಲಿ ಸಿಕ್ಕಿಕೊಂಡಿತು. ಬಿಡಿಸಿಕೊಳ್ಳಲು ಅದು ಒದ್ದಾಡಿದ ರಭಸಕ್ಕೆ ದೋಣಿ ನಡುಗಿತು, ಬೋನು ಮುರಿದು ಕಿತ್ತುಹೋಯಿತು. ರಾನ್ ನೀರಿನೊಳಗಿಂದ ಅದನ್ನೆಲ್ಲ ಚಿತ್ರೀಕರಿಸಿದರು. ನಿರ್ಮಾಪಕರಿಗೆ ಆ ದೃಶ್ಯ ಬಿಡಲು ಮನಸ್ಸಾಗಲಿಲ್ಲ. ಆದರೆ ಬೋನಿನೊಳಗೆ ಯಾರೂ ಇಲ್ಲವಲ್ಲ! ಕತೆಯನ್ನೇ ತಿದ್ದಿದರು. ಕಾದಂಬರಿಯಲ್ಲಿ ಸಾಯುವ ವಿಜ್ಞಾನಿ ಹೂಪರ್ ಸಿನಿಮಾದಲ್ಲಿ ಬೋನಿನಿಂದ ನುಸುಳಿ ತಪ್ಪಿಸಿಕೊಂಡು ಬದುಕಿದ. ಸಿನಿಮಾದಲ್ಲಿ ರಾಕ್ಷಸನ ಆಕ್ರಮಣದಂತೆ ಕಾಣುವ ಆ ಹೊಡೆತ ಅಸಲಿಗೆ ಉರುಳಿಗೆ ಬಿದ್ದ ಪ್ರಾಣಿಯ ಗಾಬರಿ. ಬೋನನ್ನೇ ಗುರಿಯಾಗಿಸಿ ಅದು ಬರಲಿಲ್ಲ, ಬಿಟ್ಟರೆ ಸಾಕೆಂದು ಒದ್ದಾಡಿತು. ಅದೇ ಫಿಲ್ಮ್ ತುಣುಕು, ಸಂಗೀತ ಸೇರಿದ ಮೇಲೆ ಅರ್ಥ ಬೇರೆಯಾಯಿತು. ಇದನ್ನು ಚೆನ್ನಾಗಿ ಬಲ್ಲವರು ಜಗತ್ತಿನಲ್ಲಿ ಬೆರಳೆಣಿಕೆಯಷ್ಟು ಮಂದಿ, ಅವರಲ್ಲಿ ಇಬ್ಬರು ಟೇಲರ್ ದಂಪತಿ.

1975ರ ಜೂನ್ 20ರಂದು ಚಿತ್ರ ಅಮೆರಿಕದಲ್ಲಿ ಬಿಡುಗಡೆಯಾಯಿತು. ಮುಂದಿನದು ಸಿನಿಮಾ ವ್ಯಾಪಾರದ ಇತಿಹಾಸದಲ್ಲಿ ಎಲ್ಲರೂ ಓದಿರುವಂಥದ್ದು. ಕಡಲತೀರಗಳಲ್ಲಿ ಜನ ನೀರಿಗಿಳಿಯಲು ಹಿಂಜರಿದರು, ದವಡೆಯನ್ನು ಗೋಡೆಗೆ ಏರಿಸಲೆಂದು ಶಾರ್ಕ್ ಹಿಡಿಯುವ ಶೋಕಿ ಹಬ್ಬಿತು. ಸ್ಟುಡಿಯೋದವರು ಟೇಲರ್ ದಂಪತಿಯನ್ನೇ ಅಮೆರಿಕಕ್ಕೆ ಕರೆಸಿ, ಟೆಲಿವಿಷನ್ ಕಾರ್ಯಕ್ರಮಗಳಲ್ಲಿ ಕೂರಿಸಿ, ಅದು ಬರೀ ಕಟ್ಟುಕತೆ ಎಂದು ಹೇಳಿಸಿದರು. ಹೆದರಿಕೆಯನ್ನು ಚಿತ್ರೀಕರಿಸಿದವರೇ ಹೆದರಬೇಡಿ ಎಂದರೆ ಯಾರು ಕೇಳುತ್ತಾರೆ! ಬೆಂಚ್ಲಿ ಕೂಡ ಮುಂದೆ ಪಶ್ಚಾತ್ತಾಪಪಟ್ಟು, 2006ರಲ್ಲಿ ತೀರಿಕೊಳ್ಳುವವರೆಗೆ ಶಾರ್ಕ್ ಉಳಿಸಿ ಎಂದು ಬರೆಯುತ್ತಲೇ ಇದ್ದರು.

ಶಾರ್ಕ್ ಸಂತತಿ ಕುಸಿದದ್ದಕ್ಕೆಲ್ಲ ಈ ಸಿನಿಮಾವೇ ಕಾರಣ ಎನ್ನುವವರಿದ್ದಾರೆ. ನಾನು ಒಪ್ಪುವುದಿಲ್ಲ. ಮೈಲುಗಟ್ಟಲೆ ಉದ್ದದ ಗಾಳಗಳು ಮತ್ತು ರೆಕ್ಕೆಯ ಸಾರಿಗಾಗಿ ನಡೆದ ವ್ಯಾಪಾರ ಕೊಂದ ಸಂಖ್ಯೆಯ ಮುಂದೆ ಶೋಕಿಯ ಬೇಟೆ ಏನೂ ಅಲ್ಲ. ಸಿನಿಮಾ ಮಾಡಿದ್ದು ಬೇರೆ ಕೆಲಸ: ಆ ಕೊಲೆಯ ಬಗ್ಗೆ ಯಾರೂ ದನಿ ಎತ್ತದಂತೆ ಮಾಡಿತು. ಹುಲಿಗೆ, ಆನೆಗೆ ಸಿಕ್ಕ ಮರುಕ ಶಾರ್ಕ್‌ಗೆ ದಕ್ಕಲಿಲ್ಲ. ಡರ್ಬನ್ನಿನಲ್ಲಿ ನೂರಾರು ಸಂಖ್ಯೆಯಲ್ಲಿ ಮುತ್ತಿದ್ದ ವೈಟ್‌ಟಿಪ್ ಈಗ ಅಳಿವಿನ ಅಂಚಿನಲ್ಲಿರುವ ಜೀವಿಗಳ ಅಂತರರಾಷ್ಟ್ರೀಯ ಪಟ್ಟಿಯಲ್ಲಿ ಅತಿ ಗಂಭೀರ ವರ್ಗಕ್ಕೆ ಸೇರಿದೆ. ಡರ್ಬನ್ನಿನ ತಿಮಿಂಗಿಲ ಬೇಟೆ 'ಜಾಸ್' ಬಿಡುಗಡೆಯಾದ ವರ್ಷವೇ ನಿಂತಿತು. ಹಾಗಾಗಿ ಅಂಥ ದೃಶ್ಯವನ್ನು ಇನ್ನು ಯಾರೂ ತೆಗೆಯಲಾರರು.

ಆಮೇಲಿನ ಟೇಲರ್ ದಂಪತಿಯ ವೃತ್ತಿಯನ್ನು ಎರಡು ಲೆಕ್ಕದ ಪುಸ್ತಕಗಳಲ್ಲಿ ಬರೆಯಬೇಕು. ಒಂದರಲ್ಲಿ ಹೊಟ್ಟೆಪಾಡು: 1977ರ 'ಓರ್ಕಾ', 1980ರ 'ಬ್ಲೂ ಲಗೂನ್', ಟೆಲಿವಿಷನ್ ಧಾರಾವಾಹಿಗಳು. ಇನ್ನೊಂದರಲ್ಲಿ ವಾದ. ಕಸಾಯಿಯವರು ಕೈಗೆ ಹಾಕುವಂಥ ಉಕ್ಕಿನ ಬಳೆಗಳ ಜಾಲರಿಯಿಂದ ಇಡೀ ಮೈಗೆ ಉಡುಪು ಹೊಲಿಸಿ, 1980ರ ಆಸುಪಾಸಿನಲ್ಲಿ ಕ್ಯಾಲಿಫೋರ್ನಿಯಾ ಕಡಲಲ್ಲಿ ವ್ಯಾಲರಿ ನೀಲಿ ಶಾರ್ಕ್ ಬಾಯಿಗೆ ತೋಳು ಕೊಟ್ಟರು. ಕಚ್ಚಲೆಂದು ಮೀನಿನ ತುಂಡಿನ ಆಸೆ ತೋರಿಸಬೇಕಾಯಿತು. ಶಾರ್ಕ್ ಕಡಿತ ಎಂಥದ್ದೆಂದು ಮನುಷ್ಯ ಜೀವ ಉಳಿಸಿಕೊಂಡು ತಿಳಿಯುವ ಉಪಾಯ ಅದು. ಆದರೆ ಪತ್ರಿಕೆಗಳಲ್ಲಿ ಹರಡಿದ್ದು ಹಲ್ಲು, ತೋಳು, ಹೊಂಗೂದಲು. ವಾದ ಮಾಡುವಾಗಲೂ ಹಳೆಯ ಸಂತೆಯ ಭಾಷೆಯನ್ನೇ ಆಡಬೇಕಿತ್ತು. 1992ರಲ್ಲಿ ದಕ್ಷಿಣ ಆಫ್ರಿಕಾದಲ್ಲಿ ಬೋನಿಲ್ಲದೆ ಬಿಳಿ ಶಾರ್ಕ್‌ಗಳನ್ನು ಚಿತ್ರೀಕರಿಸಿದಾಗಲೂ ಅಷ್ಟೆ.

ಫಲ ಸಿಕ್ಕಿದ್ದು, ಸಿನಿಮಾದ ಬೆಡಗಿಲ್ಲದ ಜಾಗದಲ್ಲಿ. ಗ್ರೇ ನರ್ಸ್ ಎಂಬ ಶಾರ್ಕ್ ನ್ಯೂ ಸೌತ್ ವೇಲ್ಸ್ ಕರಾವಳಿಯ ಗುಹೆ, ಕೊರಕಲುಗಳಲ್ಲಿ ಹಗಲಿಡೀ ನಿಧಾನವಾಗಿ ತೇಲಿಕೊಂಡಿರುವ ಪ್ರಾಣಿ. ಬಾಯಿ ಮುಚ್ಚಿದರೂ ಹಲ್ಲು ಹೊರಗೆ ಕಾಣುತ್ತವೆ, ಅಷ್ಟೇ ಅದರ ಅಪರಾಧ. 1950, 60ರ ದಶಕಗಳಲ್ಲಿ ಮುಳುಗುಗಾರರು ಕೋಲಿನ ತುದಿಗೆ ಸಿಡಿಗುಂಡು ಕಟ್ಟಿ ಇವನ್ನು ಕೊಂದು ಶೂರರೆನಿಸಿಕೊಂಡರು. ಅದರ ಸಂತಾನವೋ, ಎರಡು ಗರ್ಭಕೋಶಗಳಲ್ಲಿ ಮೊದಲು ಬಲಿತ ಮರಿ ಉಳಿದವನ್ನು ಒಳಗೇ ತಿಂದುಬಿಡುತ್ತದೆ. ಹೆರಿಗೆಯಲ್ಲಿ ಬರುವುದು ಹೆಚ್ಚೆಂದರೆ ಎರಡು, ಅದೂ ವರ್ಷ ಬಿಟ್ಟು ವರ್ಷ. ವ್ಯಾಲರಿ ಅಧಿಕಾರಿಗಳಿಗೆ, ಮಂತ್ರಿಗಳಿಗೆ, ಪತ್ರಿಕೆಗಳಿಗೆ ಬಿಡದೆ ಬರೆದರು, ಬಾಯಿ ಮಾಡಿದರು. 1984ರಲ್ಲಿ ಆ ರಾಜ್ಯ ಗ್ರೇ ನರ್ಸ್‌ಗೆ ಕಾನೂನಿನ ರಕ್ಷಣೆ ಕೊಟ್ಟಿತು. ಜಗತ್ತಿನಲ್ಲಿ ಹೀಗೆ ರಕ್ಷಣೆ ಪಡೆದ ಮೊದಲ ಶಾರ್ಕ್ ಅದೇ. ಬಿಳಿ ಶಾರ್ಕ್‌ಗೆ ದಕ್ಷಿಣ ಆಫ್ರಿಕಾ 1991ರಲ್ಲಿ ರಕ್ಷಣೆ ಕೊಟ್ಟಿತು, ಆಸ್ಟ್ರೇಲಿಯಾ ಅದೇ ದಶಕದ ಕೊನೆಯ ಹೊತ್ತಿಗೆ.

ಭಾರತದಲ್ಲಿ ಇದೇ ಕೆಲಸ ಒಂದೇ ಚಿತ್ರದಿಂದ ಆಯಿತು, ಮತ್ತು ಇಲ್ಲಿ ಹಲ್ಲು ತೋರಿಸುವ ಅಗತ್ಯವೇ ಬೀಳಲಿಲ್ಲ. ಗುಜರಾತಿನ ಕರಾವಳಿಯಲ್ಲಿ ತಿಮಿಂಗಿಲ ಶಾರ್ಕ್‌ಗಳನ್ನು, ಎಂದರೆ ಜಗತ್ತಿನ ಅತಿ ದೊಡ್ಡ ಮೀನುಗಳನ್ನು, ಕೊಕ್ಕೆಗೆ ಪೀಪಾಯಿ ಕಟ್ಟಿ ದಣಿಸಿ ಕೊಲ್ಲುತ್ತಿದ್ದುದನ್ನು ಮೈಕ್ ಪಾಂಡೆ 'ಶೋರ್ಸ್ ಆಫ್ ಸೈಲೆನ್ಸ್' ಚಿತ್ರದಲ್ಲಿ ಹಿಡಿದರು. 2000ದಲ್ಲಿ ಅದಕ್ಕೆ ವನ್ಯಜೀವಿ ಚಿತ್ರಗಳ ಆಸ್ಕರ್ ಎನ್ನಿಸಿಕೊಂಡ ಪ್ರಶಸ್ತಿ ಬಂತು, ಮರುವರ್ಷ ಕೇಂದ್ರ ಸರ್ಕಾರ ಆ ಮೀನನ್ನು ವನ್ಯಜೀವಿ ಕಾಯ್ದೆಯ ಒಂದನೆಯ ಅನುಸೂಚಿಗೆ ಸೇರಿಸಿತು. ನಮ್ಮ ಮುರ್ಡೇಶ್ವರದ ಆಚೆಯ ನೇತ್ರಾಣಿಯ ನೀರಿಗೆ ಪುನೀತ್ ರಾಜ್‌ಕುಮಾರ್ ಇಳಿದದ್ದನ್ನು 2022ರ 'ಗಂಧದ ಗುಡಿ'ಯಲ್ಲಿ ಕಂಡ ಪ್ರೇಕ್ಷಕರಿಗೂ ಕಡಲೊಳಗೆ ರಾಕ್ಷಸ ಬೇಕೆನ್ನಿಸಲಿಲ್ಲ. ಪ್ರೇಕ್ಷಕರೇ ಬದಲಾದರೋ, ಅಥವಾ ಅವರಿಗೆ ಇಷ್ಟು ದಿನ ಬೇರೆಯದನ್ನು ಯಾರೂ ಕೊಟ್ಟಿರಲಿಲ್ಲವೋ? ಎರಡನೆಯದೇ ಸರಿಯಿದ್ದೀತು ಎಂದು ನನ್ನ ಗುಮಾನಿ.

ರಾನ್ ಟೇಲರ್ 2012ರ ಸೆಪ್ಟೆಂಬರಿನಲ್ಲಿ ರಕ್ತದ ಕ್ಯಾನ್ಸರಿನಿಂದ ತೀರಿಕೊಂಡರು. ಬಿಳಿ ಶಾರ್ಕ್‌ಗಳು ಸೇರುವ ನೆಪ್ಚೂನ್ ದ್ವೀಪಗಳ ಸುತ್ತಲ ಸಾಗರ ಉದ್ಯಾನಕ್ಕೆ ದಕ್ಷಿಣ ಆಸ್ಟ್ರೇಲಿಯಾ ಸರ್ಕಾರ ದಂಪತಿಯ ಹೆಸರಿಟ್ಟಿದೆ. ಆಸ್ಟ್ರೇಲಿಯಾದಲ್ಲಿ ಬೋನಿನಲ್ಲಿ ಕುಳಿತು ಬಿಳಿ ಶಾರ್ಕ್ ನೋಡಲು ಪ್ರವಾಸಿಗರು ಹೋಗುವುದು ಅಲ್ಲಿಗೇ. ವ್ಯಾಲರಿ ಎಂಬತ್ತು ದಾಟಿದ ಮೇಲೂ ಫಿಜಿಯ ನೀರಿನಲ್ಲಿ ಶಾರ್ಕ್‌ಗಳ ನಡುವೆ ಇಳಿದದ್ದನ್ನು ಸ್ಯಾಲಿ ಎಯ್ಟ್‌ಕೆನ್ 2021ರ ತಮ್ಮ ಸಾಕ್ಷ್ಯಚಿತ್ರದಲ್ಲಿ ತೋರಿಸಿದ್ದಾರೆ. ಅದರ ಹೆಸರು ರಾನ್ ಅವರ ಆ ಮೊದಲ ಮಾರಾಟದ್ದೇ, 'ಶಾರ್ಕ್‌ಗಳೊಡನೆ ಆಟ'. ಇತ್ತ ಟೇಲರ್ ದಂಪತಿಯ ಸ್ವಂತ ರಾಜ್ಯವಾದ ನ್ಯೂ ಸೌತ್ ವೇಲ್ಸ್‌ನಲ್ಲಿ, 1937ರಿಂದ ಹಾಕುತ್ತ ಬಂದಿರುವ ಶಾರ್ಕ್ ಬಲೆಗಳು ಈಗಲೂ ಬೇಸಿಗೆ ಬಂತೆಂದರೆ ಸಿಡ್ನಿಯೂ ಸೇರಿದಂತೆ 51 ಕಡಲತೀರಗಳಲ್ಲಿ ಇಳಿಯುತ್ತವೆ. ಈಜುವವರ ರಕ್ಷಣೆಗೆಂದು ಹಾಕಿದ ಆ ಬಲೆಗಳಿಗೆ ಸಿಕ್ಕಿ ಸಾಯುವವುಗಳಲ್ಲಿ, ಅದೇ ರಾಜ್ಯದ ಕಾನೂನು ರಕ್ಷಿಸುವ ಗ್ರೇ ನರ್ಸ್ ಕೂಡ ಇರುತ್ತದೆ.